‘ಎಲ್ಲಿ ಹಾಕಿದರೂ ಹೋಗಬೇಕು’ ಅನ್ನುವವರಿಗೆ

ಊರಿಗೆ ಹೋದಾಗಲೆಲ್ಲ ಈ ಮಾತು ಒಮ್ಮೆಯಾದರೂ ಕಿವಿಗೆ ಬೀಳುತ್ತದೆ. ಮದುವೆ ಮನೆಯ ಪಂಕ್ತಿಯಲ್ಲೋ, ಬಸ್‌ಸ್ಟ್ಯಾಂಡಿನ ಹೋಟೆಲಿನಲ್ಲೋ ಯಾರೋ ಒಬ್ಬರು ಶುರು ಮಾಡುತ್ತಾರೆ. “ಅವನಿಗೇನ್ರೀ, ಸರ್ಕಾರಿ ನೌಕರಿ. ಸಂಬಳ ಎಣಿಸೋವಾಗ ಖುಷಿ, ಟ್ರಾನ್ಸ್‌ಫರ್ ಅಂದ ಕೂಡಲೇ ಕೋರ್ಟು, ಸ್ಟೇ. ನೌಕರಿ ಅಂದ ಮೇಲೆ ಎಲ್ಲಿ ಹಾಕಿದರೂ ಹೋಗಬೇಕಪ್ಪ!” ಪಕ್ಕದ ಎಲೆಯವರು ಹೌದೌದು ಅನ್ನುತ್ತಾರೆ. ಅಷ್ಟರಲ್ಲಿ ಪಾಯಸ ಬರುತ್ತದೆ, ಮಾತು ಬೇರೆ ಕಡೆ ಹೋಗುತ್ತದೆ.

ನಾನು ಮುಂಬಯಿಯ ಒಂದು ಕೇಂದ್ರ ಸರ್ಕಾರಿ ಕಚೇರಿಯಲ್ಲಿ ಮೂವತ್ತಮೂರು ವರ್ಷ ದುಡಿದವನು. ಅದರಲ್ಲಿ ಹತ್ತು ವರ್ಷ ನೌಕರರ ಸಂಘದ ಕೆಲಸವನ್ನೂ ಮೈಮೇಲೆ ಹಾಕಿಕೊಂಡಿದ್ದರಿಂದ ವರ್ಗದ ಆರ್ಡರು ಕೈಯಲ್ಲಿ ಹಿಡಿದು ಅಳುತ್ತ ಬಂದವರನ್ನು, ಬೈಯುತ್ತ ಬಂದವರನ್ನು, ಯಾರ ಕೈ ಬಿಸಿ ಮಾಡಬೇಕು ಅಂತ ಮೆಲ್ಲಗೆ ಕೇಳುತ್ತ ಬಂದವರನ್ನೂ ನೋಡಿದ್ದೇನೆ. ಪಂಕ್ತಿಯ ಆ ಮಾತಿಗೆ ಅಲ್ಲೇ ಉತ್ತರ ಕೊಡಲು ನನಗೆ ಯಾವತ್ತೂ ಆಗಲಿಲ್ಲ. ಊಟದ ಹೊತ್ತಿನಲ್ಲಿ ಹೇಳಿ ಮುಗಿಸುವಂಥ ಸಂಗತಿ ಅದಲ್ಲ. ಇಲ್ಲಿ ಹೇಳುತ್ತೇನೆ.

ಮೊದಲು ನಿಮ್ಮ ಮಾತಿನಲ್ಲಿ ಎಷ್ಟು ನಿಜವಿದೆಯೋ ಅಷ್ಟನ್ನು ಒಪ್ಪಿಬಿಡುತ್ತೇನೆ. ಮುಂಬಯಿಯಲ್ಲಿ ಕೆಲವು ಕುರ್ಚಿಗಳಿವೆ. ಅಲ್ಲಿ ಕೂತವರು ಸಂಬಳದ ಮೇಲೆ ಬದುಕುವುದಿಲ್ಲ. ಅಂಥ ಕುರ್ಚಿಯಿಂದ ಎಬ್ಬಿಸಿದರೆ ಅವರು ಒಳ್ಳೊಳ್ಳೆಯ ವಕೀಲರನ್ನು ಹಿಡಿದು, ಅತ್ತೆಯ ಕಾಯಿಲೆ, ಮಗನ ಹನ್ನೆರಡನೇ ಕ್ಲಾಸು ಎಲ್ಲವನ್ನೂ ಅರ್ಜಿಯಲ್ಲಿ ಬರೆಸಿ ಸ್ಟೇ ತರುತ್ತಾರೆ. ಇವರಲ್ಲಿ ನಮ್ಮವರೂ ಇದ್ದಾರೆ, ಇಲ್ಲ ಅನ್ನಲಾರೆ. ಒಂದೇ ಜಾಗದಲ್ಲಿ ಬೇರು ಬಿಟ್ಟ ನೌಕರ ಆಡಳಿತಕ್ಕೆ ಒಳ್ಳೆಯದಲ್ಲ ಅನ್ನುವುದು ಸರಿಯಾದ ಮಾತೇ. ಹಾಗಾಗಿ ವರ್ಗಾವಣೆಯೇ ಬೇಡ ಅನ್ನುವವನು ನಾನಲ್ಲ. ನನ್ನ ತಕರಾರು ಬೇರೆ. ನೀವು ನಗುವ ಆ ಸ್ಟೇ ಗಿರಾಕಿಯನ್ನು ತಯಾರು ಮಾಡಿದ್ದು ಯಾರು? ವರ್ಗಾವಣೆಗೆ ಕಾನೂನು ಮಾಡದೆ ಬಿಟ್ಟವರು. ಕಾನೂನಿಲ್ಲದ ಕಡೆ ವಶೀಲಿ ಇದ್ದವನಿಗೆ ಸ್ಟೇ ಸಿಗುತ್ತದೆ, ಇಲ್ಲದವನಿಗೆ ರೈಲಿನ ಟಿಕೇಟು.

ಕೋರ್ಟುಗಳು ಏನು ಹೇಳಿವೆ ನೋಡಿ. ಶುರುವಿಗೆ ನಮ್ಮ ಕರ್ನಾಟಕದ್ದೇ ಒಂದು ಮೊಕದ್ದಮೆ. 1986ರಲ್ಲಿ ಸುಪ್ರೀಂ ಕೋರ್ಟು ತೀರ್ಮಾನಿಸಿದ ಬಿ. ವರದರಾವ್ ವಿರುದ್ಧ ಕರ್ನಾಟಕ ರಾಜ್ಯ. ವರ್ಗದ ಆರ್ಡರಿನ ಮೇಲೆ ಇಲಾಖೆಯೊಳಗೆ ಮೇಲ್ಮನವಿ ಸಲ್ಲಿಸಬಹುದೇ ಅನ್ನುವುದು ಅಲ್ಲಿಯ ಪ್ರಶ್ನೆ. ಆಗುವುದಿಲ್ಲ ಅಂದಿತು ಕೋರ್ಟು. ವರ್ಗಾವಣೆ ನೌಕರಿಯ ಜೊತೆಗೇ ಬರುವಂಥದ್ದು, ಅದರಿಂದ ಸೇವಾ ಷರತ್ತು ಬದಲಾಗುವುದಿಲ್ಲ, ಸರ್ಕಾರ ಮಾಡಿಕೊಂಡ ವರ್ಗಾವಣೆ ನೀತಿ ಬರೀ ಮಾರ್ಗಸೂಚಿ. ಆದರೆ ಅದೇ ತೀರ್ಪಿನಲ್ಲಿ ಇನ್ನೊಂದು ಮಾತನ್ನೂ ಸೇರಿಸಿತು. ಪದೇಪದೇ, ಹೊತ್ತುಗೊತ್ತಿಲ್ಲದೆ ಮಾಡುವ ವರ್ಗಾವಣೆ ಸಂಸಾರವನ್ನೇ ಬುಡಮೇಲು ಮಾಡುತ್ತದೆ, ಮಕ್ಕಳ ಓದು ಕೆಡುತ್ತದೆ, ನೌಕರ ಹತಾಶನಾಗುತ್ತಾನೆ, ಇದನ್ನು ಸರ್ಕಾರ ಗಮನದಲ್ಲಿ ಇಟ್ಟುಕೊಳ್ಳುತ್ತದೆಂದು ನಂಬಿದ್ದೇವೆ ಅಂತ. ನಂಬಿದ್ದೇವೆ! ಸಂಘದ ಎಷ್ಟು ಅರ್ಜಿಗಳಲ್ಲಿ ಆ ಮಾತನ್ನು ನಾನು ಬರೆಸಿದ್ದೇನೋ ಲೆಕ್ಕವಿಲ್ಲ. ಎದುರು ವಕೀಲರು ಅದೇ ತೀರ್ಪಿನ ಮೊದಲ ಭಾಗ ಓದಿ ಗೆಲ್ಲುತ್ತಿದ್ದರು.

ಆಮೇಲೆ ಬಂದದ್ದು 1993ರ ಎಸ್.ಎಲ್. ಅಬ್ಬಾಸ್ ಪ್ರಕರಣ. ಸಸ್ಯ ಸರ್ವೇಕ್ಷಣೆ ಇಲಾಖೆಯ ಉದ್ಯಾನದ ಕ್ಯುರೇಟರ್ ಒಬ್ಬರನ್ನು ಶಿಲ್ಲಾಂಗಿನಿಂದ ಹಿಮಾಲಯದ ಪೌಡಿಗೆ ಹಾಕಿದರು. ಹೆಂಡತಿಗೆ ಶಿಲ್ಲಾಂಗಿನಲ್ಲೇ ಸರ್ಕಾರಿ ನೌಕರಿ, ಮಕ್ಕಳು ಅಲ್ಲೇ ಓದುತ್ತಿದ್ದರು, ಅವರಿಗೆ ಹಿಂದೆ ಬೆನ್ನುಮೂಳೆ ಮುರಿದಿತ್ತು. ಆಡಳಿತ ನ್ಯಾಯಮಂಡಳಿ ಕನಿಕರಿಸಿ ಆರ್ಡರು ರದ್ದು ಮಾಡಿತು. ಸುಪ್ರೀಂ ಕೋರ್ಟು ನ್ಯಾಯಮಂಡಳಿಯ ಕಿವಿ ಹಿಂಡಿತು. ಯಾರನ್ನು ಎಲ್ಲಿಗೆ ಹಾಕಬೇಕು ಅನ್ನುವುದು ಅಧಿಕಾರಿಯ ಕೆಲಸ, ದುರುದ್ದೇಶವಿದ್ದರೆ ಅಥವಾ ಕಾನೂನಿನ ಬಲವಿರುವ ನಿಯಮ ಮುರಿದಿದ್ದರೆ ಮಾತ್ರ ಕೈಹಾಕಿ, ಮಾರ್ಗಸೂಚಿ ಮುರಿದರೆ ಹಾಕಬೇಡಿ ಅಂತ. ಗಂಡ ಹೆಂಡತಿ ಒಂದೇ ಊರಿನಲ್ಲಿರುವುದು ಒಳ್ಳೆಯದೇ, ಆದರೆ ಹಕ್ಕಲ್ಲ ಅನ್ನುವುದನ್ನು ಅದಕ್ಕೂ ಮೊದಲೇ ಬ್ಯಾಂಕ್ ಆಫ್ ಇಂಡಿಯಾ ನೌಕರರೊಬ್ಬರ ಪ್ರಕರಣದಲ್ಲಿ ಹೇಳಿಯಾಗಿತ್ತು. ಇನ್ನು ಗುಜರಾತ್ ವಿದ್ಯುತ್ ಮಂಡಳಿಯ 1989ರ ಪ್ರಕರಣದ ಪ್ರಕಾರ ತಡೆಯಾಜ್ಞೆ ಇಲ್ಲದಿದ್ದರೆ ಮೊದಲು ಹೋಗಿ ಹಾಜರಾಗಬೇಕು. ಹೋಗದಿದ್ದರೆ ಶಿಸ್ತು ಕ್ರಮ.

ಹಾಗಾದರೆ ಉಳಿದದ್ದು ದುರುದ್ದೇಶ. ಅದನ್ನು ಸಾಬೀತು ಮಾಡುವುದು ಹೇಗೆ? ನಿನ್ನನ್ನು ಸೇಡಿನಿಂದ ಎತ್ತುತ್ತಿದ್ದೇನೆ ಅಂತ ಯಾವ ಸಾಹೇಬರು ಫೈಲಿನಲ್ಲಿ ಬರೆಯುತ್ತಾರೆ? ‘ಆಡಳಿತದ ಹಿತದೃಷ್ಟಿಯಿಂದ’ ಅಂತ ಬರೆಯುತ್ತಾರೆ. ಈ ಎರಡು ಪದ ಎಷ್ಟು ಸಂಸಾರಗಳ ಪಾತ್ರೆಪಗಡವನ್ನು ಗೋಣಿಚೀಲಕ್ಕೆ ತುಂಬಿಸಿದೆಯೋ! ಶಿಕ್ಷೆಯ ಬದಲಿಗೆ ಮಾಡಿದ ವರ್ಗಾವಣೆ ನಿಲ್ಲದು ಅಂತ ಸೋಮೇಶ್ ತಿವಾರಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿದ್ದು ನಿಜ. ಅದು ಬಂದದ್ದು 2008ರಲ್ಲಿ. ಆ ಹೊತ್ತಿಗೆ ನಾನು ಕಂಡ ಅನೇಕರು ನಿವೃತ್ತರಾಗಿದ್ದರು.

ಈಗ ಕೋರ್ಟಿಗೆ ಹೋಗುವುದು ಅಂದರೆ ಏನು ಅಂತ ಸ್ವಲ್ಪ ಹೇಳಬೇಕು. ಪಂಕ್ತಿಯಲ್ಲಿ ಕೂತವರಿಗೆ ಅದೊಂದು ಮೋಜಿನ ಹಾಗೆ ಕಾಣುತ್ತದೆ. ಮುಂಬಯಿಯಲ್ಲಿ ಇದಕ್ಕೆ ಎರಡು ಬಾಗಿಲು. ಕೇಂದ್ರದ ನೌಕರರಿಗೆ ಕೇಂದ್ರ ಆಡಳಿತ ನ್ಯಾಯಮಂಡಳಿ, ನಮ್ಮ ಬಾಯಲ್ಲಿ ಕ್ಯಾಟು. ಮಹಾರಾಷ್ಟ್ರ ಸರ್ಕಾರದವರಿಗೆ 1991ರಲ್ಲಿ ಶುರುವಾದ ಮ್ಯಾಟು. ನಾನು ತಿರುಗಿದ್ದು ಕ್ಯಾಟಿಗೆ. ವಿ.ಟಿ.ಯಲ್ಲಿ ಇಳಿದು ಫೋರ್ಟಿನ ಗಲ್ಲಿಗಳಲ್ಲಿ ನಡೆದು ಪ್ರೆಸ್ಕಾಟ್ ರಸ್ತೆಯ ಗುಲೆಸ್ತಾನ್ ಕಟ್ಟಡದ ಮೆಟ್ಟಿಲು ಹತ್ತುತ್ತಿದ್ದೆವು. 1985ರ ಕಾಯ್ದೆಯಲ್ಲಿ ಈ ನ್ಯಾಯಮಂಡಳಿಗಳನ್ನು ಮಾಡಿದ್ದೇ ನೌಕರರಿಗೆ ಬೇಗ, ಅಗ್ಗಕ್ಕೆ ನ್ಯಾಯ ಸಿಗಲಿ ಅಂತ. ಅಗ್ಗ ಅನ್ನುವುದು ಸುಳ್ಳಲ್ಲ. ಅರ್ಜಿಯ ಶುಲ್ಕ ಐವತ್ತೇ ರೂಪಾಯಿ. ಪೋಸ್ಟಲ್ ಆರ್ಡರು ಅಂಟಿಸಿದರೆ ಸಾಕು. ವಕೀಲರ ಫೀಸು ಮಾತ್ರ ಪೋಸ್ಟಾಫೀಸಿನಲ್ಲಿ ಸಿಗುವಂಥದ್ದಲ್ಲ.

ಬೇಗ ಅನ್ನುವುದರ ಕತೆ ಕೇಳಿ. ಕಾಯ್ದೆ ಪ್ರಕಾರ ನೌಕರ ಮೊದಲು ಇಲಾಖೆಗೆ ಮನವಿ ಕೊಡಬೇಕು, ಉತ್ತರ ಬಾರದಿದ್ದರೆ ಆರು ತಿಂಗಳು ಕಾದು ನ್ಯಾಯಮಂಡಳಿಗೆ ಬರಬೇಕು. ವರ್ಗದ ಆರ್ಡರಿಗೆ ಆರು ತಿಂಗಳು ಕಾದರೆ ಆಯ್ತಲ್ಲ, ಅಷ್ಟರಲ್ಲಿ ಗುವಾಹಾಟಿಯಲ್ಲಿ ಗ್ಯಾಸ್ ಕನೆಕ್ಷನ್ನೂ ಸಿಕ್ಕಿರುತ್ತದೆ. ಅದಕ್ಕೇ ಎಲ್ಲರೂ ತುರ್ತು ಅಂತ ಹೇಳಿ ಮಧ್ಯಂತರ ಆಜ್ಞೆಗೆ ಓಡುವುದು. ಎದುರು ಪಕ್ಷವನ್ನು ಕೇಳದೆ ಕೊಟ್ಟ ಸ್ಟೇ ಹದಿನಾಲ್ಕು ದಿನಕ್ಕಿಂತ ಹೆಚ್ಚು ಬಾಳುವಂತಿಲ್ಲ. ಇಲಾಖೆಯವರಿಗೂ ಇದೆಲ್ಲ ಗೊತ್ತು. ಅವರದ್ದು ಇನ್ನೂ ಸುಲಭದ ಉಪಾಯ. ಶುಕ್ರವಾರ ಸಂಜೆ ಐದಕ್ಕೆ ಆರ್ಡರು, ಐದೂವರೆಗೆ ರಿಲೀವ್. ಸೋಮವಾರ ನೀವು ವಕೀಲರ ಜೊತೆ ಹೋಗಿ ನಿಂತರೆ ಸರ್ಕಾರದ ವಕೀಲರು ಎದ್ದು ನಿಂತು, ಸ್ವಾಮಿ, ಅರ್ಜಿದಾರರು ಈಗಾಗಲೇ ಬಿಡುಗಡೆಯಾಗಿದ್ದಾರೆ, ತಡೆಯಲು ಏನೂ ಉಳಿದಿಲ್ಲ ಅನ್ನುತ್ತಾರೆ. ಒಮ್ಮೆ ನಮ್ಮ ಕಚೇರಿಯ ಒಬ್ಬ ಹೆಣ್ಣುಮಗಳು, ಮುಟ್ಟಿಸಿಕೊಂಡರೆ ತಾನೆ ಆರ್ಡರು ಅಂತ, ಶುಕ್ರವಾರ ಮಧ್ಯಾಹ್ನವೇ ರಜೆ ಹಾಕಿ ಡೊಂಬಿವಲಿಗೆ ಹೋಗಿಬಿಟ್ಟರು. ರಾತ್ರಿ ಒಂಬತ್ತಕ್ಕೆ ಜವಾನ ಬಂದು ಮನೆಯ ಬಾಗಿಲಿಗೆ ಆರ್ಡರು ಅಂಟಿಸಿ ಹೋದ. ಚಾಳಿನವರೆಲ್ಲ ಹೊರಗೆ ಬಂದು ಓದಿದರಂತೆ. ಮನೆ ಜಪ್ತಿ ಅಂದುಕೊಂಡರಂತೆ.

1997ರಲ್ಲಿ ಚಂದ್ರಕುಮಾರ್ ತೀರ್ಪು ಬಂದ ಮೇಲೆ ನ್ಯಾಯಮಂಡಳಿಯ ಆದೇಶಗಳು ಹೈಕೋರ್ಟಿಗೂ ಹೋಗತೊಡಗಿದವು. ಅಂದರೆ ನೀವು ಗೆದ್ದರೆ ಇಲಾಖೆ ಬಾಂಬೆ ಹೈಕೋರ್ಟಿಗೆ ಹೋಗುತ್ತದೆ. ಇಲಾಖೆಯ ವಕೀಲರ ಫೀಸು ನಿಮ್ಮ ನನ್ನ ತೆರಿಗೆಯದ್ದು. ನೌಕರನ ವಕೀಲರ ಫೀಸು ಅವನ ಪಿ.ಎಫ್. ಸಾಲದ್ದು.

ದೊಡ್ಡವರ ದಾರಿ ಬೇರೆ. 2021ರ ಮಾರ್ಚ್ 17ರಂದು ಮುಂಬಯಿ ಪೊಲೀಸ್ ಕಮಿಷನರ್ ಪರಮ್‌ಬೀರ್ ಸಿಂಗ್ ಅವರನ್ನು ಹೋಮ್‌ಗಾರ್ಡ್ಸ್‌ಗೆ ವರ್ಗ ಮಾಡಿದರು. ಒಂದು ವಾರದೊಳಗೆ, ಮಾರ್ಚ್ 24ಕ್ಕೆ, ಅವರ ಅರ್ಜಿ ಸುಪ್ರೀಂ ಕೋರ್ಟಿನ ಮುಂದೆ ಬಂದಿತ್ತು. ಕೋರ್ಟು ಹೈಕೋರ್ಟಿಗೆ ಹೋಗಿ ಅಂತ ಕಳಿಸಿತು. ಆ ಪ್ರಕರಣದ ಸರಿ ತಪ್ಪು ನನಗೆ ಬೇಡ. ವೇಗ ನೋಡಿ ಅಂತ ಹೇಳಿದೆ. ಹರಿಯಾಣದ ಅಶೋಕ್ ಖೇಮ್ಕಾ ಐವತ್ತಕ್ಕೂ ಹೆಚ್ಚು ಸಲ ವರ್ಗವಾಗಿ 2025ರಲ್ಲಿ ನಿವೃತ್ತರಾದಾಗ ಪತ್ರಿಕೆಗಳು ಬರೆದವು, ಬರೆಯಬೇಕಾದದ್ದೇ. ಐ.ಎ.ಎಸ್. ಅಧಿಕಾರಿಗಳಿಗೆ ಕನಿಷ್ಠ ಅವಧಿ ಇರಬೇಕು ಅಂತ 2013ರಲ್ಲಿ ಟಿ.ಎಸ್.ಆರ್. ಸುಬ್ರಮಣಿಯನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟೇ ಹೇಳಿತು. ಗುಮಾಸ್ತನ ಮೂರನೇ ವರ್ಗಾವಣೆ ಅವನ ಹೆಂಡತಿಗೂ ಮನೆ ಸಾಮಾನು ಸಾಗಿಸುವವನಿಗೂ ಮಾತ್ರ ಸುದ್ದಿ.

ಇಲ್ಲಿಯವರೆಗೆ ಹೇಳಿದ್ದು ಎತ್ತಿ ಹಾಕಿದವರ ಕತೆ. ನೀವು ಕಾಣದೇ ಇರುವವರು ಇನ್ನೊಂದು ಜಾತಿಯವರು. ಅವರನ್ನು ಯಾರೂ ಎತ್ತುವುದಿಲ್ಲ. ಊರಿಗೆ ಕಳಿಸಿ ಅಂತ ಅವರೇ ಬೇಡುತ್ತಾರೆ. ‘ಎಲ್ಲಿ ಹಾಕಿದರೂ ಹೋಗಬೇಕು’ ಅನ್ನುವ ನಿಮ್ಮ ಮಾತನ್ನು ಅಕ್ಷರಶಃ ಪಾಲಿಸಿದವರು ಇವರೇ.

ನಮ್ಮ ಕಚೇರಿಯಲ್ಲಿ ಗದಗ ಕಡೆಯ ಒಬ್ಬ ಹುಡುಗ ಇದ್ದ. ಹುಡುಗ ಅಂತ ನಾನು ಅನ್ನುತ್ತೇನೆ, ಈಗ ಅವನಿಗೂ ನೆರೆಗೂದಲು. ದಿಲ್ಲಿಯವರು ನಡೆಸುವ ಪರೀಕ್ಷೆ ಪಾಸು ಮಾಡಿದ, ಮುಂಬಯಿ ವಲಯ ಸಿಕ್ಕಿತು, 2006ರಲ್ಲಿ ಬಂದು ಸೇರಿದ. ಎರಡು ವರ್ಷಕ್ಕೆ ಮದುವೆಯಾಯಿತು. ಹೆಂಡತಿ ಅಲ್ಲೇ ತಾಲೂಕಿನ ಸರ್ಕಾರಿ ಪ್ರಾಥಮಿಕ ಶಾಲೆಯ ಟೀಚರು. ಮುಂದಿನ ವರ್ಷ ಮಗಳು ಹುಟ್ಟಿದಳು. ಇವನು ಆಂಟಾಪ್‌ಹಿಲ್‌ನಲ್ಲಿ ಮೂವರ ಜೊತೆ ಒಂದು ಖೋಲಿಯಲ್ಲಿ. ತಿಂಗಳಿಗೊಮ್ಮೆ, ಕೆಲವು ಸಲ ಎರಡು ತಿಂಗಳಿಗೊಮ್ಮೆ, ಸೋಲಾಪುರ ವಿಜಯಪುರದ ಮೇಲೆ ಹೋಗುವ ರಾತ್ರಿ ಗಾಡಿ ಹಿಡಿಯುತ್ತಿದ್ದ. ಶನಿವಾರ ತಲುಪಿ ಭಾನುವಾರ ವಾಪಸು ಹತ್ತಬೇಕು.

ಹೆಂಡತಿ ಯಾಕೆ ಬರಬಾರದು? ಕರ್ನಾಟಕದ ಟೀಚರಿಗೆ ಮುಂಬಯಿಯಲ್ಲಿ ಯಾವ ಶಾಲೆ ಕೊಡುತ್ತಾರೆ? ನೌಕರಿ ಬಿಡಬೇಕು. ಇವನು ಯಾಕೆ ಹೋಗಬಾರದು? ಗಂಡ ಹೆಂಡತಿಯನ್ನು ಆದಷ್ಟೂ ಒಂದೇ ಊರಲ್ಲಿ ಇಡಿ ಅಂತ ಕೇಂದ್ರದ ಸಿಬ್ಬಂದಿ ಇಲಾಖೆ 1986ರಲ್ಲೇ ಸುತ್ತೋಲೆ ಹೊರಡಿಸಿದೆ, 2009ರಲ್ಲಿ ಮತ್ತೆ ಹೊರಡಿಸಿದೆ. ‘ಆದಷ್ಟೂ’ ಅನ್ನುವ ಪದದಲ್ಲಿ ಎಲ್ಲ ಇದೆ. ಬೆಂಗಳೂರು ವಲಯಕ್ಕೆ ಹೋಗಬೇಕಾದರೆ ಸ್ವಂತ ಕೋರಿಕೆ ಅಂತ ಬರೆದುಕೊಡಬೇಕು, ಸೇವಾ ಹಿರಿತನ ಬಿಡಬೇಕು, ಅಲ್ಲಿಯ ಪಟ್ಟಿಯ ಕೊನೆಯಲ್ಲಿ ನಿನ್ನೆ ಸೇರಿದ ಹುಡುಗನ ಕೆಳಗೆ ಹೆಸರು ಬರುತ್ತದೆ. ಅದಕ್ಕೂ ಅವನು ತಯಾರಿದ್ದ. “ಸೀನಿಯಾರಿಟಿ ಹೋದ್ರ ಹೋಗ್ಲಿ ಬಿಡ್ರಿ ಸರ. ನಾ ಮನಿಗೆ ಹೋದ್ರ ನನ್ನ ಮಗಳು ಬೆಲ್ಲ ನೀರು ತಂದು ಮುಂದ ಇಡ್ತಾಳ್ರಿ, ಬೀಗರಿಗೆ ಇಟ್ಟಂಗ” ಅಂದಿದ್ದ ಒಮ್ಮೆ. ನಾನು ಅವನ ಅರ್ಜಿಗೆ ಸಂಘದ ಲೆಟರ್‌ಹೆಡ್ಡಿನಲ್ಲಿ ಶಿಫಾರಸು ಬರೆದುಕೊಟ್ಟೆ. ಉತ್ತರ: ಪರಿಶೀಲನೆಯಲ್ಲಿದೆ.

ಇದನ್ನು ಯಾವ ಕೋರ್ಟಿಗೆ ಒಯ್ಯುವುದು? ರದ್ದು ಮಾಡಿ ಅನ್ನಲು ಆರ್ಡರೇ ಇಲ್ಲ. ಕೇಂದ್ರ ಪರೋಕ್ಷ ತೆರಿಗೆ ಮಂಡಳಿಯ ಇನ್‌ಸ್ಪೆಕ್ಟರುಗಳು ಒಯ್ದು ನೋಡಿದರು. ಅವರಲ್ಲಿ ಒಂದು ಕಮಿಷನರೇಟಿನಿಂದ ಇನ್ನೊಂದಕ್ಕೆ ಕೋರಿಕೆಯ ಮೇಲೆ ಹೋಗುವ ಪದ್ಧತಿ ಇತ್ತು. 2016ರ ಹೊಸ ನೇಮಕಾತಿ ನಿಯಮ ತೋರಿಸಿ 2018ರ ಸೆಪ್ಟೆಂಬರ್ 20ರ ಒಂದು ಸುತ್ತೋಲೆಯಲ್ಲಿ ಅದನ್ನು ನಿಲ್ಲಿಸಿಬಿಟ್ಟರು. ಕೇರಳದಿಂದ ಹೊರಟ ಮೊಕದ್ದಮೆ ನೌಶಾದ್ ರಹಮಾನ್ ಪ್ರಕರಣವಾಗಿ ಸುಪ್ರೀಂ ಕೋರ್ಟು ಮುಟ್ಟಿ, 2022ರ ಮಾರ್ಚ್ 10ರಂದು ತೀರ್ಪು ಬಂತು. ನ್ಯಾಯಮೂರ್ತಿ ಚಂದ್ರಚೂಡ್ ಮತ್ತು ವಿಕ್ರಮ್ ನಾಥ್ ಅವರ ಪೀಠ. ಕುಟುಂಬ ಜೀವನ ಸಂವಿಧಾನದ 21ನೇ ವಿಧಿಯ ಒಂದು ಭಾಗ, ನೌಕರಿ ಮಾಡುವ ಹೆಂಗಸಿಗೆ ಈ ಅಗಲಿಕೆಯ ಹೊರೆ ಹೆಚ್ಚು, ಅಂಗವಿಕಲರ ಅಗತ್ಯವನ್ನು ಮರೆಯುವಂತಿಲ್ಲ. ಇಷ್ಟೆಲ್ಲ ಹೇಳಿತು. ಓದುವಾಗ ನನ್ನ ಕಣ್ಣು ತುಂಬಿ ಬಂತು, ಸುಳ್ಳು ಹೇಳುವುದಿಲ್ಲ. ಕೊನೆಗೆ ಸುತ್ತೋಲೆ ಕಾನೂನಿಗೆ ಸರಿಯಾಗಿದೆ ಅಂತ ಎತ್ತಿಹಿಡಿದು, ನೀತಿಯನ್ನು ಮತ್ತೊಮ್ಮೆ ಪರಿಶೀಲಿಸಿ ಅಂತ ಮಂಡಳಿಗೇ ಬಿಟ್ಟಿತು. 1986ರಲ್ಲಿ ‘ನಂಬಿದ್ದೇವೆ’, 2022ರಲ್ಲಿ ‘ಪರಿಶೀಲಿಸಿ’. ಮೂವತ್ತಾರು ವರ್ಷಕ್ಕೆ ಇಷ್ಟು ಪ್ರಗತಿ.

ಕೋರ್ಟನ್ನು ಬೈಯುತ್ತಿದ್ದೇನೆ ಅಂದುಕೊಳ್ಳಬೇಡಿ. ಕಾನೂನಿನ ಬಲವಿರುವ ನಿಯಮ ಮುರಿದರೆ ನಮ್ಮ ಹತ್ತಿರ ಬನ್ನಿ ಅಂತ ಅದು ಶುರುವಿನಿಂದ ಹೇಳುತ್ತಲೇ ಇದೆ. ಅಂಥ ನಿಯಮ ಮಾಡಬೇಕಾದದ್ದು ಶಾಸನಸಭೆ. ಮಹಾರಾಷ್ಟ್ರ ಮಾಡಿತು, ತನ್ನ ನೌಕರರಿಗೆ. ಅಣ್ಣಾ ಹಜಾರೆಯವರ ಒತ್ತಡವೂ ಅದರ ಹಿಂದೆ ಇತ್ತು. 2005ರ ವರ್ಗಾವಣೆ ನಿಯಂತ್ರಣ ಕಾಯ್ದೆ, ಜಾರಿಗೆ ಬಂದದ್ದು 2006ರ ಜುಲೈಯಿಂದ. ಒಂದು ಜಾಗದಲ್ಲಿ ಸಾಮಾನ್ಯವಾಗಿ ಮೂರು ವರ್ಷ. ವರ್ಗಾವಣೆ ಏಪ್ರಿಲ್ ಮೇ ತಿಂಗಳಲ್ಲಿ, ಮಕ್ಕಳ ಶಾಲೆ ಮುಗಿದ ಮೇಲೆ. ನಡುವೆ ಎತ್ತಬೇಕಾದರೆ ವಿಶೇಷ ಕಾರಣ ಬರೆದಿಡಬೇಕು, ಮೇಲಿನವರ ಒಪ್ಪಿಗೆ ಮೊದಲೇ ಪಡೆಯಬೇಕು. ಹಾಗಂತ ಮಂತ್ರಾಲಯದಲ್ಲಿ ಸಂತರು ಹುಟ್ಟಿಕೊಂಡಿಲ್ಲ. ವಿಶೇಷ ಕಾರಣದ ಬಾಗಿಲಿನಿಂದ ಆನೆಯನ್ನೂ ದಾಟಿಸುತ್ತಾರೆ. ಆದರೆ ಒಂದು ವ್ಯತ್ಯಾಸ ಆಯಿತು. ಮ್ಯಾಟಿನಲ್ಲಿ ನಿಂತ ನೌಕರ ಈಗ ನನ್ನ ಮೇಲೆ ಕನಿಕರ ತೋರಿಸಿ ಅನ್ನುವುದಿಲ್ಲ. ಕಾರಣ ಎಲ್ಲಿ ಬರೆದಿದ್ದೀರಿ, ಫೈಲು ತೋರಿಸಿ ಅನ್ನುತ್ತಾನೆ. ಬರೀ ‘ಆಡಳಿತಾತ್ಮಕ ಕಾರಣ’ ಅಂತ ಗೀಚಿದರೆ ಅದು ಕಾರಣ ಆಗುವುದಿಲ್ಲ ಅಂತ ಬಾಂಬೆ ಹೈಕೋರ್ಟು 2013ರಲ್ಲಿ ಹೇಳಿತು. ಫೈಲಿನಲ್ಲಿ ಏನೂ ಇಲ್ಲದೆ ಸರ್ಕಾರ ಸೋತದ್ದೂ ಇದೆ. ನಮ್ಮ ಕಟ್ಟಡದಲ್ಲೇ ಇದ್ದ ರಾಜ್ಯ ಸರ್ಕಾರದ ಗುಮಾಸ್ತರೊಬ್ಬರು ಹೀಗೆ ಗೆದ್ದು ಬಂದು ಎಲ್ಲರಿಗೂ ಪೇಡೆ ಹಂಚಿದರು. ಕೇಂದ್ರದವನಾದ ನಾನು ಪೇಡೆ ತಿಂದೆ, ಹೊಟ್ಟೆ ಉರಿಯಿತು.

ಇನ್ನು ನಿಮ್ಮ ಕಡೆ, ಅಂದರೆ ನಮ್ಮ ಕರ್ನಾಟಕದಲ್ಲಿ? ಶಿಕ್ಷಕರಿಗೆ 2007ರಲ್ಲಿ ಕಾಯ್ದೆ ಆಯಿತು, 2020ರಲ್ಲಿ ಹೊಸದು ಬಂತು. ನಡುವೆ 2019ರ ಕಡ್ಡಾಯ ವರ್ಗಾವಣೆಯ ಗಲಾಟೆ ನಿಮಗೇ ಗೊತ್ತು. ಕಾಲೇಜು ಶಿಕ್ಷಣ, ಆರೋಗ್ಯ ಇಲಾಖೆಗಳಿಗೂ ಕಾಯ್ದೆಗಳಾದವು. ಕೌನ್ಸೆಲಿಂಗ್ ಅಂತ ಕೂರಿಸಿ ಖಾಲಿ ಜಾಗ ತೋರಿಸುವ ಪದ್ಧತಿಯಲ್ಲಿ ತಪ್ಪು ನೂರಿರಬಹುದು, ಆದರೆ ಅದು ಎಲ್ಲರ ಕಣ್ಣೆದುರು ನಡೆಯುತ್ತದೆ. ಉಳಿದ ಎಷ್ಟೋ ಇಲಾಖೆಗಳವರಿಗೆ? ಸರ್ಕಾರದ ಮಾರ್ಗಸೂಚಿ, ಆಮೇಲೆ ಸಾರ್ವತ್ರಿಕ ವರ್ಗಾವಣೆಯ ಸುತ್ತೋಲೆ, ಅದರ ಅವಧಿ ವಿಸ್ತರಣೆ, ಜೇಬಿನಲ್ಲಿ ಶಾಸಕರ ಪತ್ರ. ವಿಧಾನಸೌಧದ ಹಣೆಯ ಮೇಲೆ ‘ಸರ್ಕಾರದ ಕೆಲಸ ದೇವರ ಕೆಲಸ’ ಅಂತ ಕೆತ್ತಿಸಿದ್ದಾರೆ. ಆ ದೇವರು ಯಾವ ತಾಲೂಕಿನಲ್ಲಿ ಪೂಜೆ ಮಾಡಬೇಕು ಅನ್ನುವುದು ಆ ಪತ್ರದಲ್ಲಿರುತ್ತದೆ.

ನಿಮ್ಮ ಶಾಸಕರು ಮತ ಕೇಳಲು ಬಂದಾಗ ರಸ್ತೆ ಕೇಳುತ್ತೀರಿ, ಸಮುದಾಯ ಭವನ ಕೇಳುತ್ತೀರಿ. ಎಲ್ಲ ನೌಕರರಿಗೂ ಒಂದು ವರ್ಗಾವಣೆ ಕಾಯ್ದೆ ತನ್ನಿ ಅಂತ ಯಾರಾದರೂ ಕೇಳಿದ್ದೀರಾ? ಊರಿನ ಒಳ್ಳೆಯ ತಹಶೀಲ್ದಾರರನ್ನು ಎಂಟೇ ತಿಂಗಳಿಗೆ ಎತ್ತಿದಾಗ ಬೀದಿಯಲ್ಲಿ ಕೂತು ಧಿಕ್ಕಾರ ಕೂಗಿದವರು ನೀವೇ ಅಲ್ಲವೇ? ಆ ತಹಶೀಲ್ದಾರರು ಕೋರ್ಟಿಗೆ ಹೋದರೆ ಶಾಭಾಸ್, ನಿಮ್ಮ ಪಕ್ಕದ ಮನೆಯ ಎಫ್.ಡಿ.ಎ. ಹೋದರೆ ‘ಎಲ್ಲಿ ಹಾಕಿದರೂ ಹೋಗಬೇಕಪ್ಪ’. ಕೇಂದ್ರದವರ ವಿಷಯಕ್ಕೆ ನಿಮ್ಮ ಸಂಸದರನ್ನು ಕೇಳಬೇಕು, ಅದೂ ನಿಮ್ಮ ಕೈಯಲ್ಲೇ ಇದೆ. ಹೊರನಾಡಿನಲ್ಲಿರುವ ನಮ್ಮ ಮತಕ್ಕೆ ನಿಮ್ಮಲ್ಲಿ ಬೆಲೆಯಿಲ್ಲ, ಇಲ್ಲಿಯ ಸಂಸದರಿಗೆ ಬೆಂಗಳೂರು ವಲಯದ ಖಾಲಿ ಜಾಗ ಕಟ್ಟಿಕೊಂಡು ಏನಾಗಬೇಕು?

ಮಕ್ಕಳ ಮಾತು ಹೇಳದೆ ಬಿಟ್ಟರೆ ತಪ್ಪಾಗುತ್ತದೆ. ಕರ್ನಾಟಕ 2015ರಲ್ಲಿ, ಮಹಾರಾಷ್ಟ್ರ 2020ರಲ್ಲಿ ಎಲ್ಲ ಶಾಲೆಗಳಲ್ಲೂ ತಮ್ಮ ತಮ್ಮ ಭಾಷೆ ಕಡ್ಡಾಯ ಅಂತ ಕಾಯ್ದೆ ಮಾಡಿದವು. ಒಳ್ಳೆಯದೇ, ಕನ್ನಡಕ್ಕಾಗಿ ನಾನೂ ಚಪ್ಪಾಳೆ ತಟ್ಟಿದ್ದೇನೆ. ಆದರೆ ನಡು ವರ್ಷದಲ್ಲಿ ಅಪ್ಪನ ಆರ್ಡರಿನ ಹಿಂದೆ ಠಾಣೆಯಿಂದ ಹುಬ್ಬಳ್ಳಿಗೋ ಹುಬ್ಬಳ್ಳಿಯಿಂದ ಠಾಣೆಗೋ ಬಂದ ಮಗು ಹೊಸ ಲಿಪಿಯನ್ನು ಅಕ್ಟೋಬರಿನಲ್ಲಿ ಶುರು ಮಾಡಿ ಮಾರ್ಚಿಗೆ ಪರೀಕ್ಷೆ ಬರೆಯಬೇಕು. ಏಪ್ರಿಲ್ ಮೇ ಅನ್ನುವ ಎರಡು ತಿಂಗಳ ಹೆಸರು ಕಾಯ್ದೆಯಲ್ಲಿ ಇರುವುದಕ್ಕೂ ಇಲ್ಲದಿರುವುದಕ್ಕೂ ಇಷ್ಟು ವ್ಯತ್ಯಾಸ.

ಗದಗದ ಹುಡುಗ ಹೋದ ತಿಂಗಳು ಫೋನು ಮಾಡಿದ್ದ. ನಾನು ನಿವೃತ್ತನಾದ ಮೇಲೂ ಮಾಡುತ್ತಾನೆ, ಹೊಸ ಸುತ್ತೋಲೆ ಏನಾದರೂ ಬಂತಾ ಅಂತ ನನ್ನನ್ನೇ ಕೇಳುತ್ತಾನೆ, ಅವನೇ ಕಚೇರಿಯಲ್ಲಿದ್ದೂ. ಮಗಳ ಎಸ್ಸೆಸ್ಸೆಲ್ಸಿ ಮುಗಿಯಿತಂತೆ, ಒಳ್ಳೆಯ ಮಾರ್ಕು ಬಂದಿದ್ದರಿಂದ ಧಾರವಾಡದ ಕಾಲೇಜಿಗೆ ಸೇರಿಸಿ ಹಾಸ್ಟೆಲಿನಲ್ಲಿ ಇಟ್ಟಿದ್ದಾರಂತೆ. “ಈಗ ನನ್ನ ಗದಗಕ್ಕ ಹಾಕಿದ್ರೂ ಆಕಿ ಅಲ್ಲಿ ಇಲ್ಲಲ್ರೀ ಸರ” ಅಂದ. ಸ್ವಲ್ಪ ಹೊತ್ತು ಇಬ್ಬರೂ ಮಾತಾಡಲಿಲ್ಲ. ಆಮೇಲೆ ಅರ್ಜಿ ಏನು ಮಾಡಿದೆ ಅಂತ ಕೇಳಿದೆ. ವಾಪಸು ತಗೊಂಡಿಲ್ಲವಂತೆ. ಈ ವರ್ಷದ್ದನ್ನೂ ಕೊಟ್ಟಿದ್ದಾನಂತೆ.